ಚಿಗವ್ವನ ಗುಳಿಗೆ, ನನ್ನ ಸಹಿ

ಹೋದ ವಾರ ಫೋನಿನಲ್ಲಿ ಒಂದು ಲೇಖನ ಓದಿದಾಗಿನಿಂದ ನನಗೆ ಕೂತಲ್ಲಿ ಕೂರಲಾಗುತ್ತಿಲ್ಲ. ಅಮೆರಿಕದ ಬೇಹುಗಾರರು ದಶಕಗಳ ಹಿಂದೆ ತಮ್ಮದೇ ದೇಶದ ಜನರಿಗೆ, ಅವರಿಗೆ ಗೊತ್ತೇ ಆಗದಂತೆ, ತಲೆ ಕೆಡಿಸುವ ಔಷಧ ಕುಡಿಸಿ ಏನಾಗುತ್ತದೆಂದು ನೋಡುತ್ತಿದ್ದರಂತೆ. ಆಮೇಲೆ ಕಡತಗಳನ್ನೂ ನಾಶ ಮಾಡಿದರಂತೆ. ಬೇರೆಯವರ ಪಾಪ ಓದುವಾಗ ನನಗೆ ಸಿಟ್ಟು ಬಲು ಸಲೀಸಾಗಿ ಬರುತ್ತದೆ. "ಎಂಥಾ ಕಟುಕರು ನೋಡು" ಎಂದು ಹೆಂಡತಿಗೆ ಗಟ್ಟಿಯಾಗಿ ಓದಿ ಹೇಳುತ್ತಿದ್ದವನು ನಡುವೆಯೇ ನಿಲ್ಲಿಸಿದೆ. ಹೊಳೆಮಣ್ಣೂರಿನ ಸಾಲಿಯ ಪಡಸಾಲೆ ನೆನಪಾಗಿತ್ತು.

ಆಗ ನಾನು ಅಲ್ಲಿ ಮಾಸ್ತರ. ಮಲಪ್ರಭೆ ಊರೊಳಗೆ ನುಗ್ಗಿ ಇಳಿದ ವರ್ಷ, ಜೀಪಿನಲ್ಲಿ ಇಬ್ಬರು ಬಂದರು. ಸರ್ಕಾರದವರು ಎಂದರು; ಗುರುತಿನ ಚೀಟಿಯನ್ನು ನಾನು ಕೇಳಲಿಲ್ಲ. ಮೊಣಕಾಲು ನೋವಿದ್ದ ಹೆಂಗಸರನ್ನು ಪಡಸಾಲೆಯಲ್ಲಿ ಕೂರಿಸಿ, ರಕ್ತ ತೆಗೆದು, ಬಿಳಿ ಡಬ್ಬಿಯಲ್ಲಿ ಗುಳಿಗೆ ಕೊಟ್ಟರು. ಡಬ್ಬಿಯ ಮೇಲೆ ಔಷಧದ ಹೆಸರಿರಲಿಲ್ಲ, ಬರೀ ನಂಬರು. ಜೊತೆಗೆ ಒಬ್ಬೊಬ್ಬರಿಗೂ ಒಂದು ಇಂಗ್ಲಿಷ್ ಕಾಗದ. ಹೆಬ್ಬೆಟ್ಟು ಒತ್ತುವ ಮೊದಲು ಹೆಂಗಸರೆಲ್ಲ ನನ್ನ ಮುಖ ನೋಡಿದರು. ಮುಂದೆ ಕೂತಿದ್ದವಳು ನನ್ನ ಚಿಗವ್ವ, ಅವ್ವನ ಬೆನ್ನಿಗೆ ಹುಟ್ಟಿದ ತಂಗಿ.

"ಏನ್ ಬರದಾರೋ ಇದರಾಗ?" ಎಂದಳು.

ನಿಜ ಹೇಳಬೇಕೆಂದರೆ ಆ ಇಂಗ್ಲಿಷ್ ನನಗೆ ಅರ್ಥವಾಗಲಿಲ್ಲ. ಐದನೆಯ ಇಯತ್ತೆಗೆ ಇಂಗ್ಲಿಷ್ ಕಲಿಸುವ ಮಾಸ್ತರ ಅದನ್ನು ಊರ ಹೆಂಗಸರ ಮುಂದೆ ಹೇಗೆ ಒಪ್ಪಿಕೊಳ್ಳಬೇಕು? ಕನ್ನಡಕ ಏರಿಸಿಕೊಂಡೆ, ಸಾಲುಗಳ ಮೇಲೆ ಬೆರಳಾಡಿಸಿದೆ. "ಚಲೋ ಗುಳಿಗಿ ಐತಿ, ನೋವು ಕಡಿಮಿ ಆಗತೈತಿ ಅಂತ ಬರದಾರ" ಎಂದೆ. ಸಾಕ್ಷಿಗೆಂದು ಎಲ್ಲ ಕಾಗದಗಳ ಮೇಲೂ ಸಹಿ ಹಾಕಿದೆ. ಎರಡು ತಿಂಗಳು ಜೀಪು ಬಂದು ಬಂದು ರಕ್ತ ಒಯ್ದಿತು. ಆಮೇಲೆ ಬರಲಿಲ್ಲ. ಯಾಕೆಂದು ಯಾರೂ ಕೇಳಲಿಲ್ಲ, ನಾನಂತೂ ಕೇಳಲೇ ಇಲ್ಲ.

ತನ್ನ ಪಾಲಿನ ಕಾಗದವನ್ನು ಚಿಗವ್ವ ಆಗಲೇ ನನ್ನ ಕೈಗೆ ಕೊಟ್ಟು, ಜೋಪಾನ ಎಂದಿದ್ದಳು. ಲೇಖನ ಓದಿದ ದಿನವೇ ಟ್ರಂಕು ಕೆದರಿ ಅದನ್ನು ಹುಡುಕಿ ತೆಗೆದೆ. ಈಗ ಫೋನನ್ನು ಕಾಗದದ ಮೇಲೆ ಹಿಡಿದರೆ ಸಾಕು, ಅದೇ ಕನ್ನಡ ಮಾಡಿಕೊಡುತ್ತದೆ. ಸೊಟ್ಟ ಕನ್ನಡ, ಆದರೆ ಅರ್ಥ ನೆಟ್ಟಗಿತ್ತು. ಇದು ಪ್ರಯೋಗ. ಗುಣವಾಗುವ ಖಾತ್ರಿಯಿಲ್ಲ. ಬೇಡವೆನ್ನಲು ನಿಮಗೆ ಹಕ್ಕಿದೆ. ತಲೆ ಸುತ್ತಬಹುದು, ಹಾಗಾದರೆ ಕೂಡಲೇ ತಿಳಿಸಿ. ಗುಳಿಗೆಯನ್ನು ಬೇರೆ ಯಾರಿಗೂ ಕೊಡಬಾರದು. ಕೊನೆಯಲ್ಲಿ, ಇದನ್ನೆಲ್ಲ ಇವರಿಗೆ ಓದಿ ತಿಳಿಸಲಾಗಿದೆ ಎಂದಿತ್ತು. ಅದರ ಕೆಳಗೆ ನನ್ನ ಸಹಿ, ಉದ್ದಕ್ಕೆ ಬಾಲ ಎಳೆದದ್ದು.

ಎರಡು ದಿನ ಒಳಗೆ ಹೊರಗೆ ಅಡ್ಡಾಡಿದೆ. ಉಂಡದ್ದು ರುಚಿಸಲಿಲ್ಲ. ಅವ್ವ ಆ ವರ್ಷವೇ ತೀರಿಕೊಂಡಿದ್ದಳು. ಹಿರಿಯಳೆಂದು ಉಳಿದವಳು ಚಿಗವ್ವ ಒಬ್ಬಳೇ. ಅವಳಿಗೆ ಒಳಗೊಳಗೇ ಏನಾದರೂ ಆಗಿದ್ದರೆ? ಹೇಳಿಬಿಡಬೇಕು ಎಂದು ನರಗುಂದದಲ್ಲಿ ಹೊಳೆಮಣ್ಣೂರಿನ ಬಸ್ಸು ಹತ್ತಿದೆ. ದಾರಿಯುದ್ದಕ್ಕೂ ಕಾಗದ ಇದೆಯೇ ಎಂದು ಕಿಸೆ ಮುಟ್ಟಿಕೊಳ್ಳುತ್ತಿದ್ದೆ. ಪಕ್ಕದವನು, "ಯಾಕ್ರಿ, ಪಾಕೀಟ ಹೊಡದಾರೇನ್?" ಎಂದ.

ಚಿಗವ್ವ ಕಟ್ಟೆಯ ಮೇಲೆ ಮೊರ ಹಿಡಿದು ಕಡಲೆ ಹಸನು ಮಾಡುತ್ತಿದ್ದಳು. ಅವಳು ನೀರು ಕೊಡುವವರೆಗೂ ನಾನು ತಡೆಯಲಿಲ್ಲ, ಕಿಸೆಯಿಂದ ಕಾಗದ ತೆಗೆದೆ.

"ಚಿಗವ್ವಾ, ಅವತ್ತ ಸಾಲ್ಯಾಗ ನನಗ ಆ ಕಾಗದ ಓದಾಕ ಬಂದಿದ್ದಿಲ್ಲ. ಸುಳ್ಳ ಹೇಳಿದ್ನಿ. ಆ ಗುಳಿಗಿ ನಿಮ್ಮ ಮ್ಯಾಲ ಪರೀಕ್ಷಾ ಮಾಡಾಕ ಕೊಟ್ಟಿದ್ರು."

ಅವಳು ನಕ್ಕಳು. "ಅಷ್ಟಕ್ಕ ಇಂಥಾ ಬಿಸಲಾಗ ಬಂದೇನು? ನನಗೇನ ಆಗೇತಿ? ಗುಂಡಕಲ್ಲ ಇದ್ದಂಗ ಅದೇನಿ. ಹಂಗ ನೋಡಿದ್ರ ನಾ ಪೂರಾ ಎಲ್ಲಿ ನುಂಗೇನಿ? ನಿಮ್ಮವ್ವನ ಮೊಣಕಾಲೂ ಹಿಡದಿದ್ದುವಲ್ಲ. ಚಲೋ ಗುಳಿಗಿ ಅಂತ ನೀನ ಹೇಳಿದ್ದಿ. ಅಕ್ಕನ್ನ ಬಿಟ್ಟು ಒಬ್ಬಾಕಿ ಹ್ಯಾಂಗ ನುಂಗಲಿ? ದಿನಾ ಅರ್ಧಾ ಮುರದು ಕೊಡತಿದ್ದೆ."

ಅದೇ ದಿನಗಳಲ್ಲಿ ಅವ್ವ ತಲೆ ಸುತ್ತಿ ಬಚ್ಚಲಲ್ಲಿ ಬಿದ್ದವಳು ಮತ್ತೆ ಏಳಲಿಲ್ಲ. ದವಾಖಾನೆಯಲ್ಲಿ ಡಾಕ್ಟರು ಯಾವ ಔಷಧ ತೆಗೆದುಕೊಳ್ಳುತ್ತಿದ್ದರು ಎಂದು ಕೇಳಿದಾಗ, "ನಮ್ಮವ್ವ ಜನ್ಮದಾಗ ಗುಳಿಗಿ ನುಂಗಿದಾಕಿ ಅಲ್ರಿ" ಎಂದು ಎದೆಯುಬ್ಬಿಸಿ ಹೇಳಿದ್ದೆ. ನಾನು ತಂದುಕೊಟ್ಟದ್ದನ್ನು ಉಗುಳುತ್ತಿದ್ದವಳು ತಂಗಿಯ ಕೈಯಿಂದ ನುಂಗಿದ್ದಾಳೆ. ಅದರಿಂದಲೇ ಬಿದ್ದಳೆಂದು ಯಾರು ಹೇಳಬಲ್ಲರು? ಅಲ್ಲವೆಂದಾದರೂ ಯಾರು ಹೇಳಬಲ್ಲರು? ಜೀಪಿನವರ ಪಟ್ಟಿಯಲ್ಲಿ ಅವಳ ಹೆಸರೇ ಇರಲಿಲ್ಲ.

ಚಿಗವ್ವ ಮೊರವನ್ನು ಬದಿಗಿಟ್ಟಳು. "ತಂದೀಯಲ್ಲ, ಈಗರೆ ಪೂರ್ತಿ ಓದಿ ಹೇಳು."

ಕಾಗದ ಬಿಚ್ಚಿದೆ. ಫೋನನ್ನು ಅದರ ಮೇಲೆ ಹಿಡಿದೆ. ಪ್ರಯೋಗ ಎಂಬುದನ್ನು ಓದಿದೆ, ಖಾತ್ರಿಯಿಲ್ಲ ಎಂಬುದನ್ನು ಓದಿದೆ, ಹಕ್ಕಿನ ಸಾಲನ್ನೂ ಓದಿದೆ. ತಲೆ ಸುತ್ತುವ ಸಾಲನ್ನು ಹಾರಿಸಿದೆ. ಬೇರೆ ಯಾರಿಗೂ ಕೊಡಬಾರದು ಎಂಬಲ್ಲಿಗೆ ಬಂದು ನಿಂತೆ. ಅವಳು ನನ್ನ ಬಾಯಿಯನ್ನೇ ನೋಡುತ್ತಿದ್ದಳು, ಅವತ್ತಿನ ಹಾಗೆಯೇ.

"ಮುಂದ?"

"ಮುಂದ ಏನೂ ಇಲ್ಲ ಚಿಗವ್ವ. ನನ್ನ ಸಹಿ ಐತಿ, ಅಷ್ಟ."

"ಆತು ಬಿಡು. ನೀ ಓದೀದಿ ಅಂದ್ರ ಮುಗೀತು" ಎಂದು ಅವಳು ಮೊರವನ್ನು ಮತ್ತೆ ಎಳೆದುಕೊಂಡಳು.