ಬೋರೇಗೌಡ ಮೇಷ್ಟ್ರ ಎರಡನೇ ಮನೆ

ಬೋರೇಗೌಡ ಮೇಷ್ಟ್ರ ಮನೆಗೆ ಮೊದಲ ಸಲ ಹೋದವರಿಗೆ ಕಾಫಿ ಸಿಗಬೇಕಾದರೆ ಎರಡು ಮನೆ ನೋಡಲೇಬೇಕಿತ್ತು. ಮೊದಲನೆಯದು ಪಾಂಡವಪುರದ ಬಡಾವಣೆಯೊಂದರಲ್ಲಿ ಅವರು ವಾಸವಿದ್ದ ಮನೆ. ಅದನ್ನು ಎರಡೇ ಮಾತಿನಲ್ಲಿ ತೋರಿಸಿ ಮುಗಿಸುತ್ತಿದ್ದರು. ಎರಡನೆಯದು ಪಕ್ಕದ ಖಾಲಿ ಸೈಟು. ಅದು ಯಾರದೋ. ಎಕ್ಕದ ಗಿಡಗಳು ಎದೆಮಟ್ಟ ಬೆಳೆದಿದ್ದವು, ನಡುವೆ ಯಾರದೋ ಎಮ್ಮೆ ಮೆಲುಕು ಹಾಕುತ್ತಾ ಮಲಗಿರುತ್ತಿತ್ತು. ಮೇಷ್ಟ್ರು ಪಂಚೆ ಎತ್ತಿ ಕಟ್ಟಿ ಆ ಗಿಡಗಳ ಮಧ್ಯೆ ನುಗ್ಗಿ, "ಇದು ನಡುಮನೆ. ಆ ಎಮ್ಮೆ ಮನ್ಗಿರೋದು ಅಡ್ಗೆಮನೆ. ತಲೆ ಬಗ್ಗಿಸ್ಕಂಡ್ ಬನ್ನಿ, ಬಾಗ್ಲು ವಸಿ ಗಿಡ್ಡ" ಎನ್ನುತ್ತಿದ್ದರು. ಬಂದವರು ನಿಜವಾಗಿಯೂ ತಲೆ ಬಗ್ಗಿಸುತ್ತಿದ್ದರು. ನಾನೂ ಬಗ್ಗಿಸಿದ್ದೆ.

"ಇಲ್ಲಿ ಮನೆ ಎಲ್ಲಿದೆ ಮೇಷ್ಟ್ರೇ?" ಎಂದು ಕೇಳಿದೆ.

"ಕಾಣಕಿಲ್ಲ ಕಣವ್ವ, ಅಷ್ಟೇಯ. ದುಡ್ಡು ಮಾತ್ರ ಪೂರ್ತಿ ಕಟ್ಟಿವ್ನಿ. ಅಸಲು ಕಟ್ಟಿದ್ದು ಆ ಮನೆಗೆ, ಬಡ್ಡಿ ಕಟ್ಟಿದ್ದು ಈ ಮನೆಗೆ" ಎಂದು ಹೊಟ್ಟೆ ಕುಣಿಸಿಕೊಂಡು ನಕ್ಕರು. ಅವರ ನಗುವಿಗೆ ಎಮ್ಮೆ ಎದ್ದು ಆಚೆ ಹೋಯಿತು.

ಅವರು ನಮ್ಮ ಪ್ರೌಢಶಾಲೆಯ ಡ್ರಿಲ್ ಮೇಷ್ಟ್ರು. ಪಾಂಡವಪುರದಿಂದ ಕೆ.ಆರ್. ಪೇಟೆ ಕಡೆ ಹೋಗುವ ದಾರಿಯ ಒಂದು ಹಳ್ಳಿಯಲ್ಲಿ ಆ ಶಾಲೆ. ನಾನು ಅಲ್ಲಿಗೆ ಕನ್ನಡ ಕಲಿಸಲು ಸೇರಿದಾಗ ಅವರ ನಿವೃತ್ತಿಗೆ ಹೆಚ್ಚು ವರ್ಷ ಉಳಿದಿರಲಿಲ್ಲ. ಆರಡಿ ಆಳು, ಕಡುಗಪ್ಪು ಬಣ್ಣ, ಸುಣ್ಣ ಬಳಿದಂಥ ಬಿಳಿ ಕ್ಯಾನ್ವಾಸ್ ಬೂಟು. ಮೈದಾನದ ಆ ತುದಿಯಿಂದ ಕೂಗಿದರೆ ಈ ತುದಿಯ ಹುಡುಗನ ಜೇಬಿನಲ್ಲಿದ್ದ ಹುಣಸೆಹಣ್ಣು ಹೊರಗೆ ಬರಬೇಕು, ಅಂಥ ಗಂಟಲು. ಲೆಕ್ಕ ಮಾತ್ರ ಅವರಿಗೆ ಒಗ್ಗುತ್ತಿರಲಿಲ್ಲ. ಕ್ರೀಡಾಕೂಟದ ಅಂಕ ಕೂಡಲು ನನ್ನನ್ನೋ ಗಣಿತದ ಮೇಡಂ ಅವರನ್ನೋ ಕರೆಯುತ್ತಿದ್ದರು. "ನಂಗೆ ಓಡ್ಸಕ್ ಬತ್ತದೆ, ಕೂಡಕ್ ಬರಕಿಲ್ಲ" ಎಂದು ನಾಚಿಕೆಯಿಲ್ಲದೆ ಹೇಳುತ್ತಿದ್ದರು.

ಅಂಥವರು ಒಂದು ವಿಷಯದಲ್ಲಿ ಮಾತ್ರ ಯಾರನ್ನೂ ಸುಮ್ಮನೆ ಬಿಡುತ್ತಿರಲಿಲ್ಲ. ಸ್ಟಾಫ್ ರೂಮಿನಲ್ಲಿ ಯಾರಾದರೂ ಕಂತಿನ ಮೇಲೆ ಬೈಕು ತಗೊಂಡೆ, ಫ್ರಿಜ್ಜು ತಗೊಂಡೆ ಎಂದರೆ ಸಾಕು, ನಿದ್ದೆಯಲ್ಲಿದ್ದರೂ ಒಂದು ಕಣ್ಣು ತೆರೆದು, "ಕಂತೆಷ್ಟು ಅಂತ ಏಳ್ಬ್ಯಾಡಿ. ಒಟ್ಟೆಷ್ಟು ಅಂತ ಏಳಿ" ಎನ್ನುತ್ತಿದ್ದರು. ಒಟ್ಟು ಎಷ್ಟೆಂದು ಯಾರಿಗೂ ಗೊತ್ತಿರುತ್ತಿರಲಿಲ್ಲ. ಅವರು ತೆರೆದ ಕಣ್ಣು ಮುಚ್ಚಿ ಮತ್ತೆ ನಿದ್ದೆ ಹೋಗುತ್ತಿದ್ದರು.

ಈ ಹುಚ್ಚು ಅವರಿಗೆ ಹತ್ತಿದ ಕಥೆಯನ್ನು ಒಂದು ದಿನ ಅವರೇ ಹೇಳಿದರು. ಮನೆ ಸಾಲ ತೆಗೆದಾಗ ಅವರಿಗೆ ಗೊತ್ತಿದ್ದುದು ಎರಡೇ ಸಂಗತಿ: ತಿಂಗಳಿಗೆ ಎಷ್ಟು ಕಟ್ಟಬೇಕು, ಯಾವ ವರ್ಷ ಮುಗಿಯುತ್ತದೆ. ಕಂತು ಸಂಬಳದಲ್ಲೇ ಹೋಗುತ್ತಿತ್ತು, ನೆಮ್ಮದಿಯಾಗಿದ್ದರು. ಮುಗಿಯುವ ತಿಂಗಳು ಬಂತು. ಹೊಸ ಷರಟು ಹಾಕಿಕೊಂಡು, ಒಂದು ಡಬ್ಬಿ ಪೇಡ ಹಿಡಿದು ಬ್ಯಾಂಕಿಗೆ ಹೋದರು. ಮ್ಯಾನೇಜರು ಕಂಪ್ಯೂಟರು ನೋಡಿ, "ಇನ್ನೂ ನಾಲ್ಕು ವರ್ಷ ಇದೆಯಲ್ಲ ಗೌಡ್ರೇ" ಎಂದರು. ನಡುವೆ ಬಡ್ಡಿಯ ದರ ಏರಿದಾಗಲೆಲ್ಲ ಕಂತು ಹಾಗೇ ಇದ್ದು ವರ್ಷ ಉದ್ದವಾಗುತ್ತಾ ಬಂದಿತ್ತು. ಬ್ಯಾಂಕಿನವರು ತಿಳಿಸಿಯೂ ಇದ್ದರು. ಕಂತು ಏರಿಲ್ಲವಲ್ಲ, ನಮಗೇನು ಎಂದು ಮೇಷ್ಟ್ರು ಕಿವಿಗೆ ಹಾಕಿಕೊಂಡಿರಲಿಲ್ಲ.

"ಆಮೇಲೆ ಏನು ಮಾಡಿದಿರಿ?" ಎಂದು ಕೇಳಿದೆ.

"ಪೇಡ ತಂದಿದ್ನಲ್ಲವ್ವ, ಅಂಚ್ದೆ. ವಾಪಸ್ ತಗಂಡೋಗಕಾಯ್ತದಾ? ಎಲ್ರೂ ತಿಂದ್ರು. ನಾನು ಆಚೆ ಬಂದು ಮೆಟ್ಲ ಮೇಲೆ ಕೂತ್ಕಂಡೆ."

ಆ ಮಾತು ಹೇಳುವಾಗ ಅವರು ನಗಲಿಲ್ಲ. ಮನೆಗೆ ಹೋಗಿ ಹೆಂಡತಿ ಜಯಮ್ಮನಿಗೆ ಹೇಗೆ ಹೇಳುವುದೆಂದು ತಿಳಿಯದೆ ಸಂಜೆಯವರೆಗೂ ಊರೆಲ್ಲ ಸುತ್ತಿದರಂತೆ. ಹೇಳಿದಾಗ ಜಯಮ್ಮ ಸೆರಗು ಬಾಯಿಗಿಟ್ಟುಕೊಂಡು ನಕ್ಕುಬಿಟ್ಟರಂತೆ. "ಮನೆ ಎಲ್ಲಿಗೂ ಓಡೋಗಕಿಲ್ಲ ಬುಡಿ. ಆದ್ರೂ ಸಾಲ ಉಳುಸ್ಕಂಡು ಪೇಡ ಅಂಚಿ ಬಂದೋರ್ನ ನಾನು ಕಂಡಿಲ್ಲ" ಎಂದರಂತೆ.

"ಅವ್ಳು ನಕ್ಕಿದ್ಕೆ ನಾನೂ ನಕ್ಕೆ ಕಣವ್ವ. ಇಲ್ದಿದ್ರೆ ಅವತ್ತು ನನ್ ಎದೆ ಒಡ್ದೋಗಿರದು" ಎಂದರು ಮೇಷ್ಟ್ರು. ಮಾರನೆಯ ದಿನವೇ ಹೋಗಿ, ಮುಗಿಯುವ ಹೊತ್ತಿಗೆ ಒಟ್ಟು ಎಷ್ಟಾಗುತ್ತದೆಂದು ಕೇಳಿ ತಿಳಿದುಕೊಂಡರು. ತೆಗೆದ ಸಾಲಕ್ಕಿಂತ ಬಡ್ಡಿಯೇ ಹೆಚ್ಚಾಗಿತ್ತು. ಪಕ್ಕದ ಸೈಟಿನಲ್ಲಿ ಎರಡನೇ ಮನೆ ಎದ್ದದ್ದು ಅವತ್ತೇ.

ಇಷ್ಟೆಲ್ಲ ಕೇಳಿ ನಕ್ಕಿದ್ದ ನಾನೇ ಒಂದು ದಿನ ಮನೆ ಸಾಲಕ್ಕೆ ಹೊರಟೆ. ನನ್ನ ಗಂಡ ಮಹೇಶನಿಗೆ ಪಾಂಡವಪುರದಲ್ಲಿ ಪಂಪ್‌ಸೆಟ್ ಅಂಗಡಿ. ಸೈಟು ಹೇಗೋ ಕೊಂಡಿದ್ದೆವು. ಅವನ ಕನಸು ಎರಡು ಅಂತಸ್ತು, ಮುಂದೆ ಕಂಬಗಳು, ಮೇಲೆ ಬಾಡಿಗೆಗೊಂದು ಮನೆ. ಮೂವತ್ತು ಲಕ್ಷ ಸಾಲ, ಇಪ್ಪತ್ತು ವರ್ಷ, ತಿಂಗಳಿಗೆ ಇಪ್ಪತ್ತೇಳು ಸಾವಿರ. "ನಿನ್ನ ಸಂಬಳದಲ್ಲಿ ಅರ್ಧ, ಮೇಲಿನ ಬಾಡಿಗೆಯಲ್ಲಿ ಅರ್ಧ. ಗೊತ್ತೇ ಆಗಲ್ಲ" ಎಂದ. ನನಗೂ ಹಾಗೇ ಅನ್ನಿಸಿತು. ಸಹಿ ಮಾಡಲು ದಿನ ಗೊತ್ತಾಗಿತ್ತು. ಸ್ಟಾಫ್ ರೂಮಿನಲ್ಲಿ ಸುದ್ದಿ ಹೇಳಿದಾಗ ಮೇಷ್ಟ್ರ ಒಂದು ಕಣ್ಣು ತೆರೆಯಿತು.

"ಒಟ್ಟೆಷ್ಟವ್ವ?"

ಗಣಿತದ ಮೇಡಂ ಅಲ್ಲೇ ಮೊಬೈಲಿನಲ್ಲಿ ಲೆಕ್ಕ ಹಾಕಿದರು. ಆಗ ಬಡ್ಡಿ ಶೇಕಡ ಒಂಬತ್ತು. ಇಪ್ಪತ್ತು ವರ್ಷಕ್ಕೆ ಹತ್ತಿರ ಹತ್ತಿರ ಅರವತ್ತೈದು ಲಕ್ಷ. ನಾನು ಮೊಬೈಲು ಕೈಗೆ ತೆಗೆದುಕೊಂಡು ಅಂಕಿಯನ್ನು ಇನ್ನೊಮ್ಮೆ ಓದಿದೆ.

ಮನೆಗೆ ಬಂದು ಮಹೇಶನಿಗೆ ಹೇಳಿದರೆ ಅವನು ಸಿಡುಕಿದ. "ಲೋಕದಲ್ಲಿ ಎಲ್ರೂ ಹಿಂಗೇ ಕಟ್ಟೋದು. ಆ ಡ್ರಿಲ್ ಮೇಷ್ಟ್ರ ಮಾತು ಕೇಳ್ಕಂಡು ಗುಡಿಸ್ಲಲ್ಲಿ ಇರೋಣ್ವಾ?" ಎಂದ. ನಾನೂ ಬಿಡಲಿಲ್ಲ. ಎರಡು ದಿನ ಅದೇ ಜಗಳ, ಸ್ಟಾಫ್ ರೂಮಿನಲ್ಲೂ ಹೇಳಿಕೊಂಡೆ. ಮೂರನೆಯ ದಿನ ಶನಿವಾರ, ಬೆಳಗಿನ ಶಾಲೆ. ಮಹೇಶ ನನ್ನನ್ನು ಬಿಡಲು ಗೇಟಿನವರೆಗೆ ಬಂದಿದ್ದನ್ನು ಮೇಷ್ಟ್ರು ಕಂಡರು.

"ಮಹೇಸಪ್ಪಾ, ವಸಿ ಒಳೀಕ್ ಬಾ. ಒಂದ್ ಚೀಲ ಎತ್ತದದೆ."

ಚೀಲ ಎತ್ತಿಸಲು ಆಳು ಬೇಕೇನೋ ಎಂದು ಅವನು ಒಳಗೆ ಬಂದ. ಮೈದಾನದಲ್ಲಿ ಎಂಟು, ಒಂಬತ್ತನೇ ತರಗತಿಯ ಮಕ್ಕಳು ಸಾಲಾಗಿ ನಿಂತಿದ್ದರು. ಮೇಷ್ಟ್ರು ಇಟ್ಟಿಗೆ ಚೂರು ತುಂಬಿದ ಗೋಣಿಚೀಲವೊಂದನ್ನು ಮಹೇಶನ ಹೆಗಲಿಗೆ ಏರಿಸಿ, "ಇದು ನಿನ್ ಸಾಲ. ಅಲ್ಲಾಡ್ಬ್ಯಾಡ, ನಿಂತ್ಕೋ" ಎಂದರು. ಆಮೇಲೆ ಮಕ್ಕಳ ಕಡೆ ತಿರುಗಿದರು.

"ಆರ್ ಆರ್ ಜನ ಬನ್ರಲಾ. ಆರ್ ಜನ ಅಂದ್ರೆ ಒಂದ್ ವರ್ಸದ ಕಂತು. ನಾನು ಕೈ ತೋರ್ಸಿದೋರು ಬೇವಿನ ಮರದ ಕೆಳೀಕ್ ಓಡಿ, ಅದು ಬಡ್ಡಿ. ಉಳ್ದೋರು ಈ ಯಪ್ಪನ ಚೀಲದಿಂದ ತಲೆಗೊಂದ್ ಇಟ್ಟಿಗೆ ತಕ್ಕೊಂಡು ಪಕ್ಕಕ್ಕೆ ಓಗಿ."

ಯಾವ ವರ್ಷ ಎಷ್ಟು ಮಕ್ಕಳು ಎತ್ತ ಓಡಬೇಕೆಂದು ಗಣಿತದ ಮೇಡಂ ಹತ್ತಿರ ಹೇಳಿಸಿಕೊಂಡು ಅಂಗೈ ಮೇಲೆ ಬರೆದುಕೊಂಡಿದ್ದರು. ಬೆವರಿಗೆ ಶಾಯಿ ಹರಡಿ, ಆಗಾಗ ಅಂಗೈಯನ್ನು ಮೂಗಿನ ಹತ್ತಿರ ಹಿಡಿದು ನೋಡುತ್ತಿದ್ದರು. ಸೀಟಿ ಊದಿದರು. ಆರು ಮಕ್ಕಳು ಹೊರಟರು, ಐವರು ಬೇವಿನ ಮರಕ್ಕೆ ಓಡಿದರು. ಒಬ್ಬಳು ಮಾತ್ರ ಬಂದು ಒಂದು ಚೂರು ತೆಗೆದಳು. ಎರಡನೇ ಸೀಟಿ. ಮತ್ತೆ ಐವರು ಮರಕ್ಕೆ, ಒಬ್ಬ ಇತ್ತ. ಮೂರನೆಯದಕ್ಕೂ ಅಷ್ಟೇ, ನಾಲ್ಕನೆಯದಕ್ಕೂ ಅಷ್ಟೇ. ಐದನೆಯದರಿಂದ ಇಬ್ಬಿಬ್ಬರು ಬರತೊಡಗಿದರು. ಮಹೇಶ ಚೀಲವನ್ನು ಎಡ ಹೆಗಲಿನಿಂದ ಬಲ ಹೆಗಲಿಗೆ ಬದಲಾಯಿಸಿಕೊಂಡ.

ಎಂಟೋ ಒಂಬತ್ತೋ ಸೀಟಿಯಾಗಿರಬೇಕು, ಮರದ ಕೆಳಗಿನಿಂದ ಒಂದು ದನಿ ಬಂತು. "ಸಾ, ಇಲ್ಲಿ ಜಾಗ ಇಲ್ಲ ಸಾ!"

"ಅದು ಬ್ಯಾಂಕು ಕಣ್ಲಾ, ಎಷ್ಟ್ ಜನ ಬಂದ್ರೂ ಜಾಗ ಅದೆ. ಒತ್ತರಿಸ್ಕಂಡ್ ಕೂತ್ಕೊಳ್ಳಿ!"

ಮೈದಾನವೆಲ್ಲ ನಕ್ಕಿತು. ಹತ್ತನೇ ಸೀಟಿ ಆದಮೇಲೆ ಮೇಷ್ಟ್ರು ನಿಲ್ಲಿಸಿದರು. ಚೀಲದಲ್ಲಿ ಮುಕ್ಕಾಲಿಗೆ ಹತ್ತಿರ ಇಟ್ಟಿಗೆ ಹಾಗೇ ಇತ್ತು. ಮಹೇಶನ ಮುಖದಿಂದ ಬೆವರು ಇಳಿಯುತ್ತಿತ್ತು.

"ಮುಗೀತಾ ಮೇಷ್ಟ್ರೇ?"

"ಅತ್ತು ವರ್ಸ ಆಯ್ತು ಕಣಪ್ಪ. ಇನ್ನೂ ಅತ್ತು ವರ್ಸ ಅದೆ."

ಅವನು ಚೀಲ ಇಳಿಸಿ ಅದರ ಮೇಲೇ ಕುಳಿತುಬಿಟ್ಟ. ಬೇವಿನ ಮರದ ಕಡೆ ನೋಡಿದ. ಅಲ್ಲಿ ಮಕ್ಕಳು ಒಬ್ಬರ ಮೇಲೊಬ್ಬರು ಬಿದ್ದು ಕಿರುಚುತ್ತಿದ್ದರು. ಇತ್ತ ಇಟ್ಟಿಗೆ ಹಿಡಿದವರು ಬರೀ ಹದಿನಾರು ಜನ. ಅವನಿಗೂ ನಗು ಬಂತು. ಆದರೂ ಕೊನೆಯದಾಗಿ ಒಂದು ಪ್ರಶ್ನೆ ಕೇಳಿದ. "ಮೇಲಿನ ಮನೆ ಬಾಡಿಗೆ ಬರುತ್ತಲ್ಲ ಮೇಷ್ಟ್ರೇ?"

"ಇಪ್ಪತ್ತು ವರ್ಸ ಒಂದ್ ತಿಂಗ್ಳೂ ಖಾಲಿ ಬುಡಾಕಿಲ್ಲ ಅಂತ ಯಾವ ಬಾಡ್ಗೆಯೋನಾದ್ರೂ ನಿಂಗ್ ಮಾತ್ ಕೊಟ್ಟವ್ನಾ?" ಎಂದರು ಮೇಷ್ಟ್ರು. ಪಕ್ಕದಲ್ಲೇ ನೆಲದ ಮೇಲೆ ಕುಳಿತು, ಸ್ವಲ್ಪ ಮೆತ್ತಗೆ ಸೇರಿಸಿದರು. "ಮನೆ ಬ್ಯಾಡ ಅಂತ ನಾನು ಏಳ್ತಿಲ್ಲ ಕಣೋ. ಕಟ್ಟು. ನಿಂಗೆ ಎಷ್ಟು ಬೇಕೋ ಅಷ್ಟು ಕಟ್ಟು. ಬೇಗ ಮುಗಿಸ್ಕೋ. ನನ್ನಂಗೆ ಮೆಟ್ಲ ಮೇಲೆ ಕೂರ್ಬ್ಯಾಡ."

ಅವತ್ತು ಸಂಜೆ ಮಹೇಶನೇ ಮನೆಯ ನಕ್ಷೆ ತೆಗೆದು, ಮೇಲಿನ ಅಂತಸ್ತನ್ನು ಪೆನ್ನಿನಿಂದ ಹೊಡೆದುಹಾಕಿದ. ಕಂಬಗಳ ಹತ್ತಿರ ಬಂದಾಗ ಪೆನ್ನು ಸ್ವಲ್ಪ ಹೊತ್ತು ನಿಂತಿತು. ಆಮೇಲೆ ಅವೂ ಹೋದವು. ಹದಿನೆಂಟು ಲಕ್ಷ ಸಾಲ, ಹತ್ತು ವರ್ಷ. ಕಂತು ಇಪ್ಪತ್ಮೂರು ಸಾವಿರದೊಳಗೆ, ಅಂದರೆ ಮೊದಲಿನದಕ್ಕಿಂತ ಕಡಿಮೆಯೇ. ಒಟ್ಟು ಕಟ್ಟಬೇಕಾದ್ದು ಇಪ್ಪತ್ತೇಳೂವರೆ ಲಕ್ಷದೊಳಗೆ. ಆ ಅಂಕಿಯನ್ನು ಮೇಷ್ಟ್ರಿಗೆ ಹೇಳಿದಾಗ ಅವರು ಇಡೀ ಸ್ಟಾಫ್ ರೂಮಿಗೆ ತಮ್ಮ ದುಡ್ಡಿನಲ್ಲಿ ಬೋಂಡ ತರಿಸಿದರು.

ಮನೆ ಚಿಕ್ಕದೇ ಆಯಿತು. ಗೃಹಪ್ರವೇಶಕ್ಕೆ ಬಂದ ನಮ್ಮ ನಾಗಮಂಗಲದ ನೆಂಟರೊಬ್ಬರು ಮೇಲೆ ನೋಡಿ, "ಮಹಡಿ ಮೆಟ್ಟಿಲು ಎಲ್ಲಿ?" ಎಂದು ಕೇಳಿದರು. ಮಹೇಶನ ಮುಖ ಚಿಕ್ಕದಾಯಿತು. ಮೇಷ್ಟ್ರು ಪಂಕ್ತಿಯಿಂದಲೇ, "ಮಹಡಿ ದುಡ್ಡ ಬ್ಯಾಂಕಿಗೆ ಕೊಡ್ಲಿಲ್ಲ, ನಾವೇ ಇಟ್ಕಂಡ್ವಿ. ನೀವು ಪಾಯಸ ಆಕಿಸ್ಕಳಿ" ಎಂದು ಕೂಗಿದರು.

ಅವರು ನಿವೃತ್ತರಾಗಿ, ಪಾಂಡವಪುರದ ಮನೆಯನ್ನು ಮಗಳು ಅಳಿಯನಿಗೆ ಬಿಟ್ಟು, ಬೂಕನಕೆರೆ ಹತ್ತಿರದ ತಮ್ಮ ಊರಿಗೆ ಹೋಗಿ ಜಯಮ್ಮನ ಜೊತೆ ಹಸು ಕಟ್ಟಿದರು. ಅಲ್ಲಿಂದಲೂ ನಮ್ಮ ಬೆನ್ನು ಬಿಡಲಿಲ್ಲ. ಬೇಸಿಗೆಯಲ್ಲಿ ಪಂಪ್‌ಸೆಟ್ ವ್ಯಾಪಾರ ಜೋರಾಗುವ ಕಾಲಕ್ಕೆ ಸರಿಯಾಗಿ ಫೋನು ಬರುತ್ತಿತ್ತು. "ಅಸಲಿಗೆ ಈ ವರ್ಸ ಏನಾದ್ರೂ ಆಕುದ್ರಾ?" ಆ ದನಿಗೆ ಹೆದರಿಯೇ ನಾವು ಪ್ರತಿ ವರ್ಷ ಕೈಲಾದಷ್ಟು ಹೆಚ್ಚಿಗೆ ಕಟ್ಟಿದೆವು. ಹತ್ತು ವರ್ಷದ ಸಾಲ ಎಂಟು ತುಂಬುವ ಮುಂಚೆಯೇ ತೀರಿತು.

ಬ್ಯಾಂಕಿನಿಂದ ಪತ್ರಗಳನ್ನು ಬಿಡಿಸಿಕೊಂಡು ಸ್ಕೂಟರಿನಲ್ಲಿ ನೇರ ಅವರ ಊರಿಗೇ ಹೋದೆವು. ಮೇಷ್ಟ್ರು ಹಾಲು ಕರೆಯುತ್ತಿದ್ದರು. ಸುದ್ದಿ ಕೇಳಿ ಚೊಂಬನ್ನು ಜಯಮ್ಮನ ಕೈಗೆ ಕೊಟ್ಟು ಎದ್ದು ನಿಂತರು. ನನ್ನ ತಲೆಯ ಮೇಲೆ ಕೈಯಿಟ್ಟರು. ಕೈ ಹಾಲಿನಿಂದ ಒದ್ದೆಯಾಗಿತ್ತು. ಆಮೇಲೆ ಕೈಯನ್ನು ಪಂಚೆಗೆ ಒರೆಸಿಕೊಂಡು, "ಮುಂದಿನ ತಿಂಗ್ಳ ಕಂತಿನ ದುಡ್ಡು ಉಳಿಸ್ಬ್ಯಾಡಿ. ಪೂರ್ತಿ ಖರ್ಚು ಮಾಡಿ. ಇನ್ನೊಂದ್ ಗೃಹಪ್ರವೇಶ ಮಾಡಿ. ಆವತ್ತಿಂದು ಬ್ಯಾಂಕಿಂದು, ಇದು ನಿಮ್ದು" ಎಂದರು.

ಹಾಗೇ ಮಾಡಿದೆವು. ಪೂಜೆ ಇಲ್ಲ, ಪುರೋಹಿತರಿಲ್ಲ. ನಾಟಿ ಕೋಳಿ ಸಾರು, ರಾಗಿ ಮುದ್ದೆ, ಸಸ್ಯಾಹಾರಿಗಳಿಗೆ ಅವರೆಕಾಳು ಸಾರು, ಎಲ್ಲರಿಗೂ ಹೋಳಿಗೆ. ಶಾಲೆಯವರು, ಬೀದಿಯವರು, ಅಂಗಡಿಯ ಗಿರಾಕಿಗಳು ಬಂದರು. ಮೇಷ್ಟ್ರು ಮುದ್ದೆಯ ಮೇಲೆ ಮುದ್ದೆ ಉಂಡು, ಹಜಾರದ ತಣ್ಣನೆ ನೆಲದ ಮೇಲೆ ಟವೆಲ್ ಹಾಸಿ ಗೊರಕೆ ಹೊಡೆದರು. ಉಳಿದವರು ಅವರನ್ನು ದಾಟಿಕೊಂಡೇ ಓಡಾಡಿದೆವು.

ಮುಂದಿನ ಸುಗ್ಗಿಗೆ ಮುಂಚೆ, ಹಸುಗಳಿಗೆ ಹುಲ್ಲು ಹಾಕಿ ಬಂದು ಜಗಲಿಯ ಮೇಲೆ ಕುಳಿತ ಮೇಷ್ಟ್ರು ಹಾಗೇ ಒರಗಿ ಹೋದರಂತೆ. ಹೋಗಿ ಮಣ್ಣು ಹಾಕಿ ಬಂದೆವು. ಜಯಮ್ಮ ನನ್ನ ಕೈ ಹಿಡಿದು, "ನಿಮ್ಮನೆ ಊಟಾನೇ ಏಳ್ಕಂಡ್ ಓಡಾಡ್ತಿದ್ರು ಕಣವ್ವ" ಎಂದರು.

ನಾನು ಅವರನ್ನು ಜೀವಂತ ಕಂಡದ್ದು ಆ ಊಟದ ದಿನವೇ ಕೊನೆ. ಸಂಜೆ ಅವರನ್ನೂ ಜಯಮ್ಮನನ್ನೂ ಪಾಂಡವಪುರದ ಬಸ್ ಸ್ಟ್ಯಾಂಡಿನಲ್ಲಿ ಕೆ.ಆರ್. ಪೇಟೆ ಬಸ್ಸಿಗೆ ಹತ್ತಿಸಿದೆವು. ಕಿಟಕಿ ಪಕ್ಕ ಕುಳಿತವರು, ಬಸ್ಸು ಹೊರಡುತ್ತಿದ್ದಂತೆ ತಲೆ, ಕೈ ಎರಡನ್ನೂ ಹೊರಗೆ ಹಾಕಿ, ಹಳೆಯ ಮೈದಾನದ ಗಂಟಲಿನಲ್ಲಿ ಇಡೀ ಬಸ್ ಸ್ಟ್ಯಾಂಡಿಗೆ ಕೇಳುವಂತೆ ಕೂಗಿದರು:

"ನೋಡ್ರಪ್ಪೋ, ಇವ್ರು ಮನೆ ಸಾಲ ತೀರಿಸ್ಬುಟ್ಟವ್ರೆ!"

ಕಡಲೆಕಾಯಿ ಮಾರುವವಳು ತಿರುಗಿ ನೋಡಿದಳು. ಕಾಲೇಜು ಹುಡುಗಿಯರು ಯಾರೆಂದು ಗೊತ್ತಿಲ್ಲದೆಯೇ ಚಪ್ಪಾಳೆ ತಟ್ಟಿದರು. ಮಹೇಶ ನಾಚಿಕೊಂಡು ನನ್ನ ಹಿಂದೆ ಸರಿದ. ಕಂಡಕ್ಟರು, "ಯಜಮಾನ್ರೇ, ಕೈ ಒಳೀಕ್ ಆಕ್ಕಳಿ" ಎಂದು ಗದರುವುದು ಕೇಳಿಸಿತು. ಬಸ್ಸು ತಿರುವಿನಲ್ಲಿ ಮರೆಯಾಗುವವರೆಗೂ ಅವರು ಕೈ ಒಳಗೆ ಹಾಕಿಕೊಳ್ಳಲಿಲ್ಲ.