ಅಪ್ಪನ ಮಗ್ಗಲಿನ ಜಾಗಾ

ಅಪ್ಪ ತೀರಿಕೊಂಡ ಮ್ಯಾಲೆ ಹೊಲದ ಪಾಲಿನ ಸಲುವಾಗಿ ನಮ್ಮ ಮನಿ ಮಂದಿಗೆ ಬಸವನ ಬಾಗೇವಾಡಿ ಕೋರ್ಟಿಗೆ ಅಲೆದಾಡಿ ಸಾಕಾಗಿ ಹೋಗಿತ್ತು. ನಾ ಸಿಂದಗಿಗೆ ಕೊಟ್ಟ ಹೆಣ್ಣಮಗಳು, ಸಾಲಿ ಟೀಚರ್. ತಾರೀಖು ಬಂತಂದ್ರ ರಜಾ ಹಾಕೂದು, ಬಸ್ ಹತ್ತೂದು. ಹುಟ್ಟತಾ ಅಣ್ಣತಮ್ಮಂದಿರು, ಬೆಳೀತಾ ದಾಯಾದಿಗಳು ಅಂತಾರಲ್ಲ, ನಮ್ಮ ಅಣ್ಣ, ತಮ್ಮ ಹಂಗ ಆಗಿದ್ರು. ಬೆಂಚಿನ ಈ ತುದಿಗೊಬ್ಬ, ಆ ತುದಿಗೊಬ್ಬ. ನಡುವ ನಾನೂ ಅವ್ವನೂ.

ಕಡೀಕ ಲೋಕ ಅದಾಲತ್‌ನಾಗ ರಾಜಿಗೆ ಒಪ್ಪಿದ್ರು. ನಮ್ಮ ಕಡಿ ರೂಢಿಯಂಗ ಹಿರಿಯಾಂವ ಪಾಲು ಮಾಡಬೇಕು, ಕಿರಿಯಾಂವ ಆರಿಸಿಕೋಬೇಕು. ಅಣ್ಣ ಹೊಲ ಎರಡು ಮಾಡಿದ, ತಮ್ಮ ಕಾಲುವಿ ಕಡಿ ತುಂಡು ಹಿಡಕೊಂಡ. ನಾನೂ ಅವ್ವನೂ ನಮ್ಮ ಪಾಲು ಬಿಟ್ಟುಕೊಟ್ವಿ. "ನನಗೇನ ಬ್ಯಾಡ್ರಿ, ಮಕ್ಕಳು ಮಾರಿ ನೋಡಿ ಮಾತಾಡಿದ್ರ ಸಾಕು" ಅಂದಳು ಅವ್ವ.

"ಇನ್ನೇನರ ಬರಿಯೂದು ಉಳದೈತೇನು?" ಅಂತ ನಮ್ಮ ವಕೀಲರು ಕೇಳಿದ್ರು. ಉಳದಿತ್ತು. ಅಪ್ಪನ ಸಮಾಧಿ ಇದ್ದದ್ದು ತಮ್ಮ ಹಿಡಕೊಂಡ ತುಂಡಿನಾಗ. ನಮ್ಮಲ್ಲಿ ಸತ್ತವರನ್ನ ಸ್ವಂತ ಹೊಲದಾಗ ಮಣ್ಣು ಮಾಡತಾರ, ಗಂಡನ ಮಗ್ಗಲಿಗೆ ಹೆಂಡತಿ. ನಾಳೆ ಅವ್ವನ ಜಾಗಾ ಎಲ್ಲಿ ಅಂತ ಕೇಳಬೇಕಿತ್ತು. ಆದ್ರ ತಾಯಿ ಎದುರಿಗೆ ಜೀವಂತ ಕುಂತಾಗ ಆಕಿ ಮಣ್ಣಿನ ಮಾತು ಯಾವ ಬಾಯಿಲೆ ತಗೀಬೇಕ್ರಿ? ಬಿಡ್ತು ಅನ್ನೂ ಮಾತದು. ಮೂವರು ಮಕ್ಕಳೂ ಬಾಯಿ ಬಿಡದ ಸಹಿ ಮಾಡಿದ್ವಿ, ಅವ್ವ ಹೆಬ್ಬಟ್ಟು ಒತ್ತಿದಳು.

ಮುಂದ ತಮ್ಮ ಆ ತುಂಡಿಗೆ ಗಿರಾಕಿ ಹುಡುಕಾಕತ್ತಿದ. ಇಂಡಿ ಕಡಿಯವರೊಬ್ರು ಲಿಂಬಿ ತೋಟ ಮಾಡಾಕ ಕೇಳಿದ್ರಂತ. ಅಣ್ಣ ಹೋಗಿ ಅವ್ವನ ಜಾಗಾದ ಮಾತು ತಗದ್ರ, "ಇರೂ ಸಮಾಧಿ ನೋಡೇ ಅವರು ಹಿಂದ ಮುಂದ ನೋಡಾಕತ್ತಾರ, ಇನ್ನೊಂದ ಬ್ಯಾಡ" ಅಂದನಂತ. ನನಗ ಸಿಟ್ಟು ನೆತ್ತಿಗೇರಿತು. ಒಡಹುಟ್ಟಿದಾಂವ ಆಡೂ ಮಾತೇನಿದು! ಅಣ್ಣನ್ನ ಕರಕೊಂಡು ಸೀದಾ ವಕೀಲರ ಹಂತೇಕ ಹೋದೆ. ಆ ರಾಜಿ ಮುರೀರಿ ಅಂದೆ.

ಅವರು ಚಾ ತರಿಸಿ ಸಮಾಧಾನಲೆ ಹೇಳಿದ್ರು. "ಅಕ್ಕಾರ, ಕೋರ್ಟಿನ ರಾಜಿ ಅಂದ್ರ ಊರ ಕಟ್ಟಿ ಮ್ಯಾಲಿನ ಪಂಚಾಯ್ತಿ ಅಲ್ರಿ, ಮನಸ ಬಂದಾಗ ಮತ್ತ ಕೂಡಾಕ. ಅದು ಡಿಕ್ರಿ, ಕೋರ್ಟಿನ ತೀರ್ಪು ಇದ್ದಂಗ. ಅದರ ಮ್ಯಾಲೆ ಅಪೀಲು ಇಲ್ಲ. ಯಾರರ ಮೋಸ ಮಾಡ್ಯಾರೇನು?"

"ಇಲ್ರಿ. ನಾವ ಬಾಯಿ ಬಿಡಲಿಲ್ಲ."

"ಬಾಯಿ ಬಿಡದಿದ್ದಕ್ಕ ಕಾಯ್ದೆದಾಗ ಔಷಧ ಇಲ್ರಿ. ನಿಮ್ಮ ತಮ್ಮ ತಾನಾಗಿ ಒಪ್ಪಿ ಬರದುಕೊಟ್ರ ಅದು ಬ್ಯಾರೆ."

ಮನಿಗೆ ಬಂದು ಹೇಳಿದ್ರ, ಅವ್ವ ಜ್ವಾಳ ಹಸನ ಮಾಡೂದು ನಿಲ್ಲಸಲಿಲ್ಲ. "ಖರೇ ಹೇಳ್ಯಾರ. ನಾನ ಒಪ್ಪಿ ಕೊಟ್ಟಿದ್ದು, ಮುಗೀತು" ಅಂದಳು. ಜ್ವಾಳದಾಗಿನ ಒಂದು ಹಳ್ಳ ಆರಿಸಿ ಒಗೆದು, "ಆದ್ರೂ ನಿಮ್ಮಪ್ಪ ಒಬ್ಬನ ಇರಾಂವಲ್ಲ" ಅಂದಳು. ನನಗ ಅಳು ತಡೀಲಿಲ್ಲ.

ಎಳ್ಳಮಾಸಿ ಬಂತು. ಹೊಲದಾಗ ಚರಗ ಚೆಲ್ಲಿ, ಭೂಮಿತಾಯಿಗೆ ಉಣಿಸಿ, ಆಮ್ಯಾಲೆ ನಾವು ಉಣ್ಣೂ ಹಬ್ಬ. ಬುಟ್ಟಿ ತುಂಬ ಸಜ್ಜಿ ರೊಟ್ಟಿ, ಎಣ್ಣಿಗಾಯಿ, ಪುಂಡಿಪಲ್ಯ ಕಟಗೊಂಡು ಹೋಗಿದ್ವಿ. ತಮ್ಮ, ಅವನ ಹೆಂಡತಿ ಮಕ್ಕಳು ಬದುವಿನ ಆ ಕಡಿ, ನಾವು ಈ ಕಡಿ. ಅವ್ವ ಎಡಿ ಹಿಡಕೊಂಡು ಅಪ್ಪನ ಸಮಾಧಿ ಕಡಿ ಹೊಂಟಾಕಿ, ಬದುವಿಗೆ ಬಂದು ನಿಂತುಬಿಟ್ಟಳು. ದಾಟಲಿಲ್ಲ.

"ಯವ್ವಾ, ಬಿಸಲಾಗ ಯಾಕ ನಿಂತಿ? ಬಾ, ಅಪ್ಪಗ ಎಡಿ ಹಿಡಿ" ಅಂತ ತಮ್ಮ ಒದರಿದ.

"ನಿನ್ನ ಹೊಲ ಐತೆಪ್ಪಾ. ನೀ ಕರದ್ರ ಬರಬೇಕು ನಾ."

"ಕರ್ಯಾಕತ್ತೇನಲ್ಲ!"

"ಇವತ್ತ ಕರ್ಯಾಕತ್ತಿ, ಕಾಲಿಲೆ ನಡಕೋತ ಬರ್ತೇನಿ. ನಾಲ್ಕ ಮಂದಿ ಹೊತ್ತು ತಂದಾಗ ಕರೀತೀಯೇನು, ಅದನ್ನ ಹೇಳು."

ಯಪ್ಪಾ! ಅಣ್ಣ ಮಾರಿ ಆ ಕಡಿ ಹೊಳ್ಳಿಸಿದ. ತಮ್ಮ ನೆಲ ನೋಡಕೋತ ನಿಂತಾಂವ ಬದುವಿಗೆ ಬಂದು ಆಕಿ ಕೈ ಹಿಡಿದ. ಕಡೀಕ ನನ್ನ ಕಡಿ ತಿರುಗಿ, "ಅಕ್ಕಾ, ಹ್ಯಾಂಗ ಬರದುಕೊಡಬೇಕು ಅಂತ ವಕೀಲರನ್ನ ಕೇಳು. ನನ್ನ ಬಾಯಿಮಾತು ನಂಬಬ್ಯಾಡ್ರಿ. ನಾಳೆ ಗಿರಾಕಿ ಬಂದು ಕುಂತ್ರ ನನ್ನ ಬುದ್ಧಿ ನನ್ನ ಕೈಯಾಗ ಇರೂದಿಲ್ಲ" ಅಂದ. ಅವನ ಮ್ಯಾಲಿನ ಸಿಟ್ಟು ನನಗ ಅಲ್ಲೇ ಇಳೀತು.

ಅವ್ವ ಬದು ದಾಟಿದಳು. ಅಪ್ಪಗ ಎಡಿ ಹಿಡಿದಳು. ಆಮ್ಯಾಲೆ ಸಮಾಧಿ ಮಗ್ಗಲಿಗೆ ಮಣ್ಣಿನ ಹೆಂಟಿ ಸರಿಸಿ ಚಕಳಮಕಳ ಹಾಕಿ ಕುಂತಳು. ನಮ್ಮಲ್ಲಿ ಸತ್ತವರನ್ನ ಹಂಗ ಕುಂಡ್ರಿಸೇ ಮಣ್ಣು ಕೊಡತಾರ. ನಾವೆಲ್ಲಾ ನೋಡಕೋತ ನಿಂತಿದ್ವಿ. ಆಕಿ ಆ ಕಡಿ, ಈ ಕಡಿ ನೆಲ ಮುಟ್ಟಿ ನೋಡಿದಳು.

"ಇಷ್ಟ ಸಾಕು. ಹೆಚ್ಚ ಬರಸಬ್ಯಾಡ್ರಿ" ಅಂದಳು.