ಸಹಿ ಹಾಕದವರ ಬೀಳ್ಕೊಡುಗೆ

ನಿವೃತ್ತಿಯೆಂಬುದು ಮನುಷ್ಯನ ಬಾಳಿನ ಅತ್ಯಂತ ಗಂಭೀರ ಘಟ್ಟ. ಅದಕ್ಕೆ ನಿವೃತ್ತನಾಗುವವನ ಒಪ್ಪಿಗೆಯೂ ಬೇಕೆಂಬುದನ್ನು ನಮ್ಮ ಮ್ಯಾನೇಜರು ಮಾತ್ರ ಮರೆತಿದ್ದರು.

ತೊಂಬತ್ತರ ದಶಕದ ಕೊನೆ. ಭದ್ರಾವತಿಯಲ್ಲಿ ನಾನು ಗುಮಾಸ್ತನಾಗಿದ್ದ ಎರಕದ ಕಾರ್ಖಾನೆಗೆ, ಐವತ್ತು ದಾಟಿದವರನ್ನು ಮನೆಗೆ ಕಳಿಸುವ ಸ್ವಯಂ ನಿವೃತ್ತಿ ಯೋಜನೆ ಬಂದಿತ್ತು. ಅಚ್ಚು ಕಟ್ಟುವ ರಂಗಪ್ಪನವರು ಸಹಿ ಹಾಕಿರಲಿಲ್ಲ. ಹಾಕಿದರೆ ಪಿಂಚಣಿ ಕಡಿಮೆಯಾಗುತ್ತಿತ್ತು, ಕ್ವಾರ್ಟರ್ಸೂ ಕೈತಪ್ಪುತ್ತಿತ್ತು. ಬೀಳ್ಕೊಡುಗೆ ಮಾಡಿಬಿಟ್ಟರೆ ದಾಕ್ಷಿಣ್ಯಕ್ಕಾದರೂ ಸಹಿ ಬೀಳುತ್ತದೆಂದು ಮ್ಯಾನೇಜರು ಕ್ಯಾಂಟೀನಿನ ಮುಂದೆ ಶಾಮಿಯಾನ ಹಾಕಿಸಿದರು.

ಪದ್ಧತಿಯಂತೆ ದಂಪತಿಗಳನ್ನು ಜೋಡಿ ಕುರ್ಚಿಯಲ್ಲಿ ಕೂರಿಸಿದೆವು. ರಂಗಪ್ಪನವರಿಗೆ ಪೇಟ, ಹಾರ, ಶಾಲು. ಪತ್ನಿ ಗೌರಮ್ಮನವರಿಗೆ ಅರಿಶಿನ ಕುಂಕುಮ, ರವಿಕೆ ಕಣ. ರಂಗಪ್ಪನವರು ಎದುರಿಗೇ ಕೂತಿದ್ದರೂ ‘ತುಂಬಲಾರದ ನಷ್ಟ’ ಎಂದು ನಾನು ಭಾಷಣ ಬಿಗಿದೆ. ಕೊನೆಗೆ ಮ್ಯಾನೇಜರು ಕಾಗದ, ಪೆನ್ನು ಮುಂದಿಟ್ಟರು.

“ಒಂದು ಸೈನ್ ಹಾಕ್ಬಿಡಿ ರಂಗಪ್ಪನವ್ರೇ, ಎಲ್ರಿಗೂ ಊಟಕ್ಕೆ ಹೊತ್ತಾಯ್ತು.”

ಅಷ್ಟು ಜನರ ಮುಂದೆ ರಂಗಪ್ಪನವರ ಕೈ ಪೆನ್ನಿನತ್ತ ಹೋಗಿಯೇಬಿಟ್ಟಿತು. ಅದುವರೆಗೆ ತಲೆ ತಗ್ಗಿಸಿ ಕೂತಿದ್ದ ಗೌರಮ್ಮನವರು ಮೈಕನ್ನು ತಮ್ಮತ್ತ ಎಳೆದುಕೊಂಡರು.

“ಶಾಲು ಇಟ್ಕೊಳ್ರಿ, ಚಳಿಗಾಗುತ್ತೆ. ಸೈನ್ ಮಾತ್ರ ಹಾಕ್ಬೇಡಿ. ಸಾಹೇಬ್ರೇ, ಇವ್ರಿಗೆ ನಾಳೆ ಫಸ್ಟ್ ಶಿಫ್ಟು. ಬೇಗ ಎಲೆ ಹಾಕ್ಸಿ.”

ಮೊದಲು ಚಪ್ಪಾಳೆ ತಟ್ಟಿದವರು ಹಿಂದಿನ ಸಾಲಿನಲ್ಲಿದ್ದ ಐವತ್ತು ದಾಟಿದವರು. ಮರುದಿನ ರಂಗಪ್ಪನವರು ಕೆಲಸಕ್ಕೆ ಬಂದರು. ಐವತ್ತೆಂಟು ತುಂಬಿದ ಮೇಲೆ ಪೂರ್ತಿ ಪಿಂಚಣಿಯೊಂದಿಗೆ ನಿವೃತ್ತರಾದರು.